ಸ್ಯಾಂಡಿ ಡೆನ್ನಿ: ಹಳೆ ಲಾವಣಿಗೆ ಎಲೆಕ್ಟ್ರಿಕ್ ಗಿಟಾರ್ ಸಿಕ್ಕಾಗ

(ಸ್ಕ್ರೀನ್ ಮೇಲೆ: ಒಂದು ಎಲ್‌ಪಿ ರೆಕಾರ್ಡಿನ ಕವರ್. ಗೇಟಿನ ಹತ್ತಿರ ನಿಂತ ಗಂಡ-ಹೆಂಡತಿ.)

ನಮಸ್ಕಾರ. ಈ ಕವರ್ ಸ್ವಲ್ಪ ಹೊತ್ತು ನೋಡಿ. 1969ರಲ್ಲಿ ಇಂಗ್ಲೆಂಡಿನಲ್ಲಿ ಬಂದ ರಾಕ್ ಆಲ್ಬಮ್ ಇದು. ಮುಂದೆ ಬ್ಯಾಂಡಿನ ಹೆಸರಿಲ್ಲ, ಆಲ್ಬಮ್ಮಿನ ಹೆಸರೂ ಇಲ್ಲ. ನಿಂತಿರುವ ಇಬ್ಬರು ನೀಲ್ ಮತ್ತು ಎಡ್ನಾ ಡೆನ್ನಿ. ಬ್ಯಾಂಡಿನ ಗಾಯಕಿಯ ಅಪ್ಪ-ಅಮ್ಮ. ಲಂಡನ್ನಿನ ವಿಂಬಲ್ಡನ್‌ನಲ್ಲಿ ಅವರದೇ ಮನೆ. ಹಾಗಾದರೆ ಬ್ಯಾಂಡ್ ಎಲ್ಲಿ? ಹಿಂದಿನ ಬೇಲಿಯ ಸಂದಿಯಲ್ಲಿ ಪುಟ್ಟದಾಗಿ ಕಾಣುತ್ತಿದೆ, ನೋಡಿ. ಅಮೆರಿಕದ ಕಂಪನಿಗೆ ಈ ಫೋಟೊ ಹಿಡಿಸಲಿಲ್ಲವೋ ಏನೋ, ಅಲ್ಲಿನ ಕವರ್ ಮೇಲೆ ಸರ್ಕಸ್ ಆನೆಗಳನ್ನು ಹಾಕಿದರು!

ಆಲ್ಬಮ್ ಹೆಸರು 'ಅನ್‌ಹಾಫ್‌ಬ್ರಿಕಿಂಗ್'. ಬ್ಯಾಂಡ್, ಫೇರ್‌ಪೋರ್ಟ್ ಕನ್ವೆನ್ಷನ್. ಗಾಯಕಿ, ಸ್ಯಾಂಡಿ ಡೆನ್ನಿ.

ಇಂಗ್ಲಿಷ್ ಫೋಕ್ ರಾಕ್ ಬಗ್ಗೆ ಯಾರು ಮಾತಾಡಿದರೂ ಈ ಹೆಸರು ಬಂದೇ ಬರುತ್ತದೆ. ನೂರಾರು ವರ್ಷ ಹಳೆಯ ಲಾವಣಿಗಳನ್ನು ಡ್ರಮ್ಸ್, ಎಲೆಕ್ಟ್ರಿಕ್ ಗಿಟಾರ್ ಜೊತೆ ಹಾಡಿದವರು ಅಂತ ಪರಿಚಯ ಮಾಡಿಕೊಡುತ್ತಾರೆ. ಅದು ನಿಜ. ಆದರೆ ಅವರು ಹಾಗೆ ಹಾಡಿದ್ದು ಹೆಚ್ಚೂ ಕಡಿಮೆ ಒಂದೇ ಒಂದು ವರ್ಷ. ಅವರಿಗೆ ಬೇಕಿದ್ದದ್ದು ತಾವೇ ಬರೆದ ಹಾಡು ಹಾಡುವುದು. ಜನರಿಗೆ ಬೇಕಾದದ್ದು ಒಂದು, ಅವರಿಗೆ ಬೇಕಾದದ್ದು ಇನ್ನೊಂದು. ಈ ಎಳೆದಾಟ ಕೊನೆಯವರೆಗೂ ಮುಗಿಯಲಿಲ್ಲ.

(ಸ್ಕ್ರೀನ್ ಮೇಲೆ: 1960ರ ದಶಕದ ಲಂಡನ್, ಪಬ್‌ಗಳ ಬೀದಿ.)

ಸ್ಯಾಂಡಿ ಹುಟ್ಟಿದ್ದು 1947ರ ಜನವರಿ 6ರಂದು. ಚಿಕ್ಕಂದಿನಲ್ಲೇ ಪಿಯಾನೊ ಕಲಿತರು. ಶಾಲೆ ಮುಗಿದ ಮೇಲೆ ಸ್ವಲ್ಪ ದಿನ ನರ್ಸ್ ತರಬೇತಿ, ಆಮೇಲೆ ಕಿಂಗ್‌ಸ್ಟನ್‌ನಲ್ಲಿ ಆರ್ಟ್ ಕಾಲೇಜು. ರಾತ್ರಿಯಾದರೆ ಫೋಕ್ ಕ್ಲಬ್‌ಗಳು. ಕ್ಲಬ್ ಅಂದರೆ ದೊಡ್ಡದೇನೋ ಅಂದುಕೊಳ್ಳಬೇಡಿ. ಪಬ್ಬಿನ ಮಹಡಿ ಮೇಲಿನ ಕೋಣೆ, ಇಲ್ಲವೇ ಯಾವುದೋ ನೆಲಮಾಳಿಗೆ. ಒಂದು ಗಿಟಾರ್ ಹಿಡಿದು ಎದ್ದು ನಿಂತು ಹಾಡಬೇಕು. ಗದ್ದಲದ ಕೋಣೆಯನ್ನು ದನಿ ಏರಿಸದೇ ಸುಮ್ಮನಾಗಿಸುವುದು ಹೇಗೆ ಅಂತ ಕಲಿಸುವ ಜಾಗ ಅದು. ಸ್ಯಾಂಡಿಯ ಹಾಡುಗಾರಿಕೆಯಲ್ಲಿ ಈ ಪಾಠ ಕೊನೆಯವರೆಗೂ ಕೇಳಿಸುತ್ತದೆ. ಬೇರೆಯವರು ಜೋರಾಗುವ ಕಡೆ ಅವರು ಮೆಲ್ಲಗಾಗುತ್ತಾರೆ.

1967ರಲ್ಲಿ ಸ್ಟ್ರಾಬ್ಸ್ ಎಂಬ ಗುಂಪಿನ ಜೊತೆ ಡೆನ್ಮಾರ್ಕಿನ ಕೋಪನ್‌ಹೇಗನ್‌ಗೆ ಹೋಗಿ ಒಂದು ಆಲ್ಬಮ್ ರೆಕಾರ್ಡ್ ಮಾಡಿದರು. ಅದು ಹೊರಗೆ ಬಂದದ್ದು 1973ರಲ್ಲಿ! ಆದರೆ ಅದರಲ್ಲಿ ಅವರೇ ಬರೆದ ಒಂದು ಹಾಡಿತ್ತು. 'ಹೂ ನೋಸ್ ವೇರ್ ದ ಟೈಮ್ ಗೋಸ್'. ಸಂಜೆ ಆಕಾಶದಲ್ಲಿ ಹಕ್ಕಿಗಳು ಹೊರಟಿವೆ. ಹೊರಡುವ ಹೊತ್ತಾಯಿತು ಅಂತ ಅವಕ್ಕೆ ಹೇಗೆ ಗೊತ್ತಾಗುತ್ತದೆ? ಇಷ್ಟರಿಂದ ಶುರುವಾಗುವ ಹಾಡು. ಬರೆದಾಗ ವಯಸ್ಸು ಇಪ್ಪತ್ತರ ಆಸುಪಾಸು. ಇದರ ಡೆಮೊ ಟೇಪು ಅಮೆರಿಕದ ಗಾಯಕಿ ಜೂಡಿ ಕಾಲಿನ್ಸ್ ಕಿವಿಗೆ ಬಿತ್ತು. ಅವರು 1968ರಲ್ಲಿ ಅದನ್ನು ಹಾಡಿದ್ದಷ್ಟೇ ಅಲ್ಲ, ತಮ್ಮ ಆಲ್ಬಮ್‌ಗೆ ಅದೇ ಹೆಸರಿಟ್ಟರು. ಆಗ ಸ್ಯಾಂಡಿ ಯಾರು ಅಂತ ಅಲ್ಲಿ ಯಾರಿಗೂ ಗೊತ್ತಿಲ್ಲ.

ಅದೇ 1968ರಲ್ಲಿ ಫೇರ್‌ಪೋರ್ಟ್ ಸೇರಿದರು. ಉತ್ತರ ಲಂಡನ್ನಿನ ಹುಡುಗರ ಬ್ಯಾಂಡ್. ಅವರ ಕಣ್ಣೆಲ್ಲ ಅಮೆರಿಕದ ಮೇಲೆ. ಅಲ್ಲಿನ ಗಾಯಕ ಬಾಬ್ ಡೈಲನ್ ಹಾಡುಗಳೆಂದರೆ ಪ್ರಾಣ. ಕಾರ್ಯಕ್ರಮಕ್ಕೆ ಮುಂಚೆ ಗ್ರೀನ್ ರೂಮಿನಲ್ಲಿ ಸ್ಯಾಂಡಿ ಸುಮ್ನೆ ಕ್ಲಬ್ಬಿನ ಹಳೆ ಹಾಡು ಹಾಡುತ್ತಿದ್ದರು, ಹುಡುಗರು ಜೊತೆಗೆ ನುಡಿಸುತ್ತಿದ್ದರು. ಹಾಗೆ ಹುಟ್ಟಿದ್ದು 'ಎ ಸೇಲರ್ಸ್ ಲೈಫ್'. ನಾವಿಕನಾದ ಪ್ರಿಯಕರನನ್ನು ಹುಡುಕಿ ಸಮುದ್ರಕ್ಕಿಳಿಯುವ ಹುಡುಗಿಯ ಕಥೆ. ಸ್ಟುಡಿಯೋದಲ್ಲಿ ಪಿಟೀಲುಗಾರ ಡೇವ್ ಸ್ವಾರ್ಬ್ರಿಕ್ ಅವರನ್ನು ಕರೆಸಿ, ಒಂದೇ ಟೇಕಿನಲ್ಲಿ ಮುಗಿಸಿದರು. 11 ನಿಮಿಷ. ಗಿಟಾರ್ ಮತ್ತು ಪಿಟೀಲು ಒಂದನ್ನೊಂದು ಅಟ್ಟಿಸಿಕೊಂಡು ಹೋಗುವ ಕೊನೆಯ ಭಾಗ ಈಗ ಕೇಳಿದರೂ ಮೈ ಜುಂ ಎನ್ನುತ್ತದೆ. ಇಲ್ಲಿ ಹಾಕೋಣ ಅಂದರೆ ಕಾಪಿರೈಟ್ ಸ್ಟ್ರೈಕ್ ಬರುತ್ತದೆ, ನೀವೇ ಹುಡುಕಿ ಕೇಳಿ.

ಇದು ಇರುವುದು ಆಗ ಕವರ್ ನೋಡಿದೆವಲ್ಲ, ಆ ಆಲ್ಬಮ್ಮಿನಲ್ಲೇ. ಅದರಲ್ಲೇ ಡೈಲನ್ ಹಾಡೊಂದನ್ನು ತಮಾಷೆಗೆ ಫ್ರೆಂಚಿಗೆ ತಿರುಗಿಸಿ ಹಾಡಿದರು. ಡ್ರಮ್ಮರ್ ಮಾರ್ಟಿನ್ ಲ್ಯಾಂಬಲ್ ಕುರ್ಚಿಗಳನ್ನು ಪೇರಿಸಿಕೊಂಡು ಬಾರಿಸಿದರು. ಕೊನೆಯ ಹತ್ತಿರ ಏನೋ ಬಿದ್ದ ಸದ್ದು ಬರುತ್ತದೆ. ತೆಗೆಯದೇ ಹಾಗೇ ಬಿಟ್ಟಿದ್ದಾರೆ.

(ಸ್ಕ್ರೀನ್ ಮೇಲೆ: ಖಾಲಿ ಹೆದ್ದಾರಿ, ಬೆಳಗಿನ ಜಾವ. ಹಿನ್ನೆಲೆ ಸಂಗೀತ ಬೇಡ.)

1969ರ ಮೇ 12. ಬರ್ಮಿಂಗ್‌ಹ್ಯಾಮ್‌ನಲ್ಲಿ ಕಾರ್ಯಕ್ರಮ ಮುಗಿಸಿ ಲಂಡನ್ನಿಗೆ ವಾಪಸ್ ಬರುವಾಗ ಎಂ1 ಹೆದ್ದಾರಿಯಲ್ಲಿ ಬ್ಯಾಂಡಿನ ವ್ಯಾನ್ ಉರುಳಿತು. ಮಾರ್ಟಿನ್ ಲ್ಯಾಂಬಲ್ ತೀರಿಕೊಂಡರು. 19 ವರ್ಷ. ಗಿಟಾರಿಸ್ಟ್ ರಿಚರ್ಡ್ ಥಾಂಪ್ಸನ್ ಅವರ ಗೆಳತಿ ಜೀನಿ ಫ್ರಾಂಕ್ಲಿನ್ ಕೂಡ ಉಳಿಯಲಿಲ್ಲ. ಸ್ಯಾಂಡಿ ಆ ವ್ಯಾನಿನಲ್ಲಿರಲಿಲ್ಲ, ಬೇರೆ ಕಾರಿನಲ್ಲಿ ಬಂದಿದ್ದರು. ಆಮೇಲೆ ಬಿಡುಗಡೆಯಾದ ಆ ಫ್ರೆಂಚ್ ತಮಾಷೆ ಹಾಡು ಬ್ರಿಟಿಷ್ ಪಟ್ಟಿಯಲ್ಲಿ 21ನೇ ಸ್ಥಾನಕ್ಕೆ ಹೋಯಿತು. ಬ್ಯಾಂಡಿಗೆ ಹಿಟ್ ಸಿಕ್ಕಿತು. ಕುರ್ಚಿ ಬಾರಿಸಿದ ಹುಡುಗ ಇರಲಿಲ್ಲ.

ಬ್ಯಾಂಡ್ ಮುಂದುವರಿಸುವುದೋ ಬೇಡವೋ? ಮುಂದುವರಿಸಿದರು. ಆದರೆ ಲ್ಯಾಂಬಲ್ ಜೊತೆ ನುಡಿಸಿದ ಹಾಡುಗಳ ತಂಟೆಗೆ ಹೋಗದೆ ಹೊಸದಾಗಿ ಶುರು ಮಾಡಿದರು. ಹ್ಯಾಂಪ್‌ಶೈರಿನ ಫಾರ್ಲಿ ಚೇಂಬರ್ಲೇನ್ ಎಂಬ ಹಳ್ಳಿಯಲ್ಲಿ ದೊಡ್ಡ ಮನೆ ಬಾಡಿಗೆಗೆ ಹಿಡಿದು, ಬೇಸಿಗೆಯೆಲ್ಲ ಅಲ್ಲೇ ಇದ್ದರು. ಸ್ವಾರ್ಬ್ರಿಕ್ ಪೂರ್ತಿ ಸೇರಿಕೊಂಡರು. ಡೇವ್ ಮ್ಯಾಟಕ್ಸ್ ಹೊಸ ಡ್ರಮ್ಮರ್. ಬಾಸ್ ಗಿಟಾರಿನ ಆಶ್ಲಿ ಹಚಿಂಗ್ಸ್, ಜನಪದ ಸಂಗೀತದ ಸಂಗ್ರಹವಿರುವ ಲಂಡನ್ನಿನ ಸೆಸಿಲ್ ಶಾರ್ಪ್ ಹೌಸ್‌ನಲ್ಲಿ ಕೂತು ಹಳೆ ಲಾವಣಿಗಳನ್ನು ಹೆಕ್ಕಿ ತಂದರು.

ಲಾವಣಿ ಅಂದರೆ ನಮ್ಮ 'ಕೆರೆಗೆ ಹಾರ' ನೆನಪಿಸಿಕೊಳ್ಳಿ. ಕಥೆ ಭೀಕರ, ಹೇಳುವ ದನಿ ಮಾತ್ರ ತಣ್ಣಗೆ. 'ಮ್ಯಾಟಿ ಗ್ರೋವ್ಸ್' ಅಂಥದ್ದೇ. ಸಾಹುಕಾರನ ಹೆಂಡತಿ ಚರ್ಚಿನಲ್ಲಿ ಕಂಡ ಹುಡುಗನನ್ನು ಮನೆಗೆ ಕರೆಯುತ್ತಾಳೆ. ಗಂಡ ಬಂದು ಇಬ್ಬರನ್ನೂ ಕೊಲ್ಲುತ್ತಾನೆ. ಸ್ಯಾಂಡಿ ಚರ್ಚಿಗೆ ಹೋದ ಸಾಲನ್ನೂ ಕತ್ತಿ ಬೀಸಿದ ಸಾಲನ್ನೂ ಹೆಚ್ಚು ಕಡಿಮೆ ಒಂದೇ ದನಿಯಲ್ಲಿ ಹಾಡುತ್ತಾರೆ. ಅಳು ಇಲ್ಲ, ಅಬ್ಬರ ಇಲ್ಲ. ಹಿಂದೆ ಡ್ರಮ್ಸ್ ಮಾತ್ರ ಬಿಡದೆ ದೂಡುತ್ತಿರುತ್ತದೆ. ಇಡೀ ಆಲ್ಬಮ್ಮಿನ ಗುಟ್ಟು ಇದೇ ಅಂತ ನನ್ನ ಲೆಕ್ಕ.

ಆ ಆಲ್ಬಮ್ 'ಲೀಜ್ ಅಂಡ್ ಲೀಫ್', 1969ರ ಡಿಸೆಂಬರಿನಲ್ಲಿ ಬಂತು. ಒಂದು ವರ್ಷದೊಳಗೆ ಇದು ಬ್ಯಾಂಡಿನ ಮೂರನೇ ಆಲ್ಬಮ್! 2006ರಲ್ಲಿ ಬಿಬಿಸಿ ರೇಡಿಯೋ 2 ಕೇಳುಗರು ಇದನ್ನೇ ಅತಿ ಹೆಚ್ಚು ಪ್ರಭಾವ ಬೀರಿದ ಫೋಕ್ ಆಲ್ಬಮ್ ಅಂತ ಆರಿಸಿದರು.

ಅದು ಅಂಗಡಿಗೆ ಬರುವ ಹೊತ್ತಿಗೆ ಸ್ಯಾಂಡಿ ಬ್ಯಾಂಡಿನಲ್ಲೇ ಇರಲಿಲ್ಲ. ನವೆಂಬರಿನಲ್ಲೇ ಹೊರಗೆ ಬಂದಿದ್ದರು. ವಿಮಾನ ಅಂದರೆ ಭಯ, ಪ್ರವಾಸ ಬೇಡ, ಮುಂದೆ ಮದುವೆಯಾದ ಟ್ರೆವರ್ ಲ್ಯೂಕಸ್ ಅವರನ್ನು ಬಿಟ್ಟಿರುವುದು ಕಷ್ಟ, ಇವೆಲ್ಲ ಇತ್ತು. ಜೊತೆಗೆ ಇದೂ ಇತ್ತು: ಹಚಿಂಗ್ಸ್ ಅವರಿಗೆ ಇನ್ನೂ ಲಾವಣಿ ಬೇಕು, ಸ್ಯಾಂಡಿಗೆ ತಮ್ಮ ಹಾಡು ಬೇಕು. ತಮಾಷೆ ನೋಡಿ, ಹಚಿಂಗ್ಸ್ ಕೂಡ ಬಿಟ್ಟು ಹೋಗಿ ಸ್ಟೀಲೈ ಸ್ಪ್ಯಾನ್ ಎಂಬ ಬ್ಯಾಂಡ್ ಕಟ್ಟಿದರು.

ಮುಂದಿನದು ಬೇಗ ಹೇಳುತ್ತೇನೆ. ಫಾದರಿಂಗೇ ಎಂಬ ಸ್ವಂತ ಬ್ಯಾಂಡ್, 1970ರಲ್ಲಿ ಒಂದು ಆಲ್ಬಮ್, ಅಲ್ಲಿಗೆ ಮುಗಿಯಿತು. 1970 ಮತ್ತು 71ರಲ್ಲಿ ಮೆಲೊಡಿ ಮೇಕರ್ ಪತ್ರಿಕೆಯ ಓದುಗರು ಬ್ರಿಟನ್ನಿನ ಅತ್ಯುತ್ತಮ ಗಾಯಕಿ ಅಂತ ಇವರನ್ನೇ ಆರಿಸಿದರು. 1971ರಲ್ಲೇ ಲೆಡ್ ಜೆಪ್ಪೆಲಿನ್ ಎಂಬ ರಾಕ್ ಬ್ಯಾಂಡಿನ ಜೊತೆ 'ದ ಬ್ಯಾಟಲ್ ಆಫ್ ಎವರ್‌ಮೋರ್' ಹಾಡಿದರು. ಆ ಬ್ಯಾಂಡಿನ ಸ್ಟುಡಿಯೋ ಆಲ್ಬಮ್‌ಗಳಲ್ಲಿ ಗಾಯಕ ರಾಬರ್ಟ್ ಪ್ಲಾಂಟ್‌ಗೆ ಜೋಡಿಯಾಗಿ ಹಾಡಿದ ಅತಿಥಿ ಇವರೊಬ್ಬರೇ. ಎಷ್ಟೋ ಜನ ಸ್ಯಾಂಡಿ ದನಿಯನ್ನು ಹೆಸರು ಗೊತ್ತಿಲ್ಲದೆಯೇ ಕೇಳಿರುತ್ತಾರೆ, ಅಲ್ವಾ?

ಸ್ವಂತ ಆಲ್ಬಮ್‌ಗಳು ನಾಲ್ಕು ಬಂದವು, 1971ರಿಂದ 77ರವರೆಗೆ. ಸಮುದ್ರ, ನದಿ, ಚಳಿಗಾಲ, ಒಂಟಿಯಾಗಿ ಕೂತವರು. ಹಾಡುಗಳು ಸೊಗಸು. ಆದರೆ ಬರಬರುತ್ತಾ ವಯಲಿನ್‌ಗಳ ದಂಡು ಜಾಸ್ತಿಯಾಯಿತು. ಪಿಯಾನೊ ಮತ್ತು ದನಿ ಎರಡೇ ಸಾಕಿದ್ದ ಕಡೆ ಮೇಲಿಂದ ಸಕ್ಕರೆ ಸುರಿದರು ಅನ್ನಿಸುತ್ತದೆ ನನಗೆ. ಒಳ್ಳೆಯ ವಿಮರ್ಶೆ ಬಂತು, ಮಾರಾಟ ಆಗಲಿಲ್ಲ. 1974ರಲ್ಲಿ ಮತ್ತೆ ಫೇರ್‌ಪೋರ್ಟ್ ಸೇರಿ ಒಂದು ಸ್ಟುಡಿಯೋ ಆಲ್ಬಮ್ ಮಾಡಿ ಮತ್ತೆ ಬಿಟ್ಟರು. ಕುಡಿತ ಹೆಚ್ಚಾಗಿತ್ತು. 1977ರಲ್ಲಿ ಮಗಳು ಹುಟ್ಟಿದಳು. 1978ರ ವಸಂತದಲ್ಲಿ ಮೆಟ್ಟಿಲಿನಿಂದ ಬಿದ್ದು ತಲೆಗೆ ಪೆಟ್ಟಾಯಿತು, ಕೆಲ ವಾರಗಳ ನಂತರ ಕುಸಿದುಬಿದ್ದರು. ಏಪ್ರಿಲ್ 21ರಂದು ತೀರಿಕೊಂಡರು. ವಯಸ್ಸು 31. ಈ ಭಾಗವನ್ನು ಗಂಟೆಗಟ್ಟಲೆ ಹಿಂಜುವ ವಿಡಿಯೋಗಳು ಬೇಕಾದಷ್ಟಿವೆ, ನಮಗೆ ಇಷ್ಟು ಸಾಕು.

(ಸ್ಕ್ರೀನ್ ಮೇಲೆ: ಮೂರು ಆಲ್ಬಮ್ ಕವರ್‌ಗಳು ಅಕ್ಕಪಕ್ಕ.)

2007ರಲ್ಲಿ ಅದೇ ರೇಡಿಯೋ 2 ಕೇಳುಗರು ತಮಗೆ ತುಂಬ ಇಷ್ಟವಾದ ಫೋಕ್ ಹಾಡು ಯಾವುದು ಅಂತ ಆರಿಸಿದರು. ಗೆದ್ದದ್ದು ಯಾವ ಹಳೆ ಲಾವಣಿಯೂ ಅಲ್ಲ, ಸ್ಯಾಂಡಿ ತಾವೇ ಬರೆದ ಆ ಹಕ್ಕಿಗಳ ಹಾಡು. ಅದನ್ನು ಮೂರು ಕಡೆ ಕೇಳಿ. ಮೊದಲು 1967ರ ಕೋಪನ್‌ಹೇಗನ್ ರೆಕಾರ್ಡಿಂಗ್. ಆಮೇಲೆ ಅನ್‌ಹಾಫ್‌ಬ್ರಿಕಿಂಗ್‌ನದು, ಥಾಂಪ್ಸನ್ ಗಿಟಾರ್ ಮೇಲೆ ಕಿವಿ ಇಡಿ. ಕೊನೆಗೆ 1977ರ ನವೆಂಬರಿನಲ್ಲಿ ಲಂಡನ್ನಿನ ರಾಯಲ್ಟಿ ಥಿಯೇಟರಿನಲ್ಲಿ ಹಾಡಿದ್ದು, 'ಗೋಲ್ಡ್ ಡಸ್ಟ್' ಎಂಬ ಹೆಸರಿನಲ್ಲಿ 1998ರಲ್ಲಿ ಬಂದಿದೆ. ಮೂರನೆಯದರಲ್ಲಿ ದನಿ ಒರಟಾಗಿದೆ. ನನಗೆ ಎರಡನೆಯದೇ ಇಷ್ಟ. ನಿಮಗೆ ಯಾವುದು, ಕಾಮೆಂಟ್‌ನಲ್ಲಿ ಜಗಳ ಆಡೋಣ.