ಒಂದು ಘಳಿಗೆಯ ವಲ್ಲಿ

ಎಲ್ಲರಿಗೂ ನಮಸ್ಕಾರ.

ಮಕ್ಕಳಿಗಾಗಿ ನಾನು ಬರೆಯುತ್ತಿರುವ ಕಥೆಯಲ್ಲಿ ಒಂದು ವಲ್ಲಿ ಬರುತ್ತದೆ. ರೇಷ್ಮೆಯದು, ಕಪ್ಪು ಬಿಳಿ ಎಳೆಯದು. ಅದನ್ನು ಹೆಗಲ ಮೇಲೆ ಹಾಕಿಕೊಂಡವರ ಮಾತನ್ನು ಕಾಲ ಕೇಳುತ್ತದೆ. ನಿಲ್ಲು ಅಂದರೆ ನಿಲ್ಲುತ್ತದೆ. ಇವತ್ತು ಆ ವಲ್ಲಿಯ ಬಗ್ಗೆ ನಾಲ್ಕು ಮಾತು.

ಎಷ್ಟು ಹೊತ್ತು ನಿಲ್ಲುತ್ತದೆ ಅನ್ನುವುದೇ ನನ್ನನ್ನು ಮೊದಲು ಕಾಡಿದ್ದು. ಬೇಕಾದಷ್ಟು ಹೊತ್ತು ಅಂದುಬಿಟ್ಟರೆ ಕಥೆ ಅಲ್ಲಿಗೇ ಸತ್ತಿತು. ಎಲ್ಲವೂ ಕೈಗೆ ಸಿಗುವವನಿಗೆ ಆಯ್ಕೆಯ ಸಂಕಟವೇ ಇರುವುದಿಲ್ಲ. ಉತ್ತರ ಸಿಕ್ಕಿದ್ದು ನಮ್ಮ ಮೈಸೂರಿನ ದೊಡ್ಡ ಗಡಿಯಾರದ ಕೆಳಗೆ.

ನಾಲ್ವಡಿಯವರ ಆಳ್ವಿಕೆಗೆ 25 ವರ್ಷ ತುಂಬಿದ ನೆನಪಿನ ಗಡಿಯಾರ ಅದು, 1927ರದ್ದು. ಮುಖದ ಮೇಲೆ ಕನ್ನಡ ಅಂಕಿಗಳು. ಮಧ್ಯಾಹ್ನ ಎರಡೂ ಮುಳ್ಳು ಹನ್ನೆರಡರಲ್ಲಿ ಕೂಡಿದಾಗ ಸೂರ್ಯ ನೆತ್ತಿಗೆ ಬಂದಿರಬೇಕಲ್ಲವೇ? ಬಂದಿರುವುದಿಲ್ಲ. 1906ರಲ್ಲಿ ಜಾರಿಗೆ ಬಂದ ಭಾರತೀಯ ಕಾಲಮಾನ 82.5 ಡಿಗ್ರಿ ಪೂರ್ವ ರೇಖಾಂಶದ ಕಾಲ. ಮೈಸೂರು ಇರುವುದು ಸುಮಾರು 76.6 ಡಿಗ್ರಿಯಲ್ಲಿ. ಡಿಗ್ರಿಗೆ 4 ನಿಮಿಷದಂತೆ ಲೆಕ್ಕ ಹಾಕಿ. ತಿಂಗಳಿಂದ ತಿಂಗಳಿಗೆ ಒಂದಿಷ್ಟು ಹಿಂದುಮುಂದಾದರೂ, ವರ್ಷದ ಸರಾಸರಿಯಲ್ಲಿ ಇಲ್ಲಿನ ಸೂರ್ಯ ಗಡಿಯಾರಕ್ಕಿಂತ 23 ನಿಮಿಷ ಚಿಲ್ಲರೆ ಹಿಂದೆ. ನಮ್ಮ ಹಿರಿಯರ ಲೆಕ್ಕದಲ್ಲಿ ದಿನಕ್ಕೆ 60 ಘಳಿಗೆ. ಒಂದು ಘಳಿಗೆಗೆ 24 ನಿಮಿಷ. ಹೆಚ್ಚೂಕಡಿಮೆ ಸರಿಯಾಗಿ ಒಂದು ಘಳಿಗೆ!

ಇದು ಹೊಳೆದ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ. ಗಡಿಯಾರಕ್ಕೂ ಸೂರ್ಯನಿಗೂ ನಡುವೆ, ಯಾರ ಲೆಕ್ಕಕ್ಕೂ ಸೇರದೆ ಮೈಸೂರಿಗೆಂದೇ ಉಳಿದ ಘಳಿಗೆ ಅದು. ನನ್ನ ವಲ್ಲಿ ಅಷ್ಟನ್ನು ಮಾತ್ರ ಹಿಡಿಯಬಲ್ಲದು, ಅದೂ ಒಂದೇ ಸಲ.

ಕಾಲವನ್ನು ಬಟ್ಟೆಯಾಗಿ ಕಂಡದ್ದು ನಾನೇ ಮೊದಲಲ್ಲ. ಮಹಾಭಾರತದ ಆದಿಪರ್ವದಲ್ಲಿ ಉತ್ತಂಕ ಕಳವಾದ ಕುಂಡಲಗಳ ಬೆನ್ನುಹತ್ತಿ ನಾಗಲೋಕಕ್ಕೆ ಇಳಿಯುತ್ತಾನೆ. ಅಲ್ಲಿ ಇಬ್ಬರು ಹೆಂಗಸರು ಕಪ್ಪು ಬಿಳಿ ನೂಲಿನಲ್ಲಿ ಬಟ್ಟೆ ನೇಯುತ್ತಿದ್ದಾರೆ. ಆರು ಹುಡುಗರು ಹನ್ನೆರಡು ಕಡ್ಡಿಗಳ ಚಕ್ರ ತಿರುಗಿಸುತ್ತಿದ್ದಾರೆ. ನೂಲೆಂದರೆ ಹಗಲು ರಾತ್ರಿ, ಚಕ್ರವೆಂದರೆ ವರ್ಷ, ಹುಡುಗರು ಋತುಗಳು ಎಂದು ಗುರು ಆಮೇಲೆ ಬಿಡಿಸಿ ಹೇಳುತ್ತಾನೆ. ಎಷ್ಟೋ ವರ್ಷ ಓದಿದ ಮೇಲೆ ನನ್ನ ಕಣ್ಣಿಗೆ ಬಿದ್ದದ್ದು ಇದು: ಆ ಬಟ್ಟೆಯನ್ನು ಅಲ್ಲಿ ಯಾರೂ ಹೊದೆಯುವುದಿಲ್ಲ. ಉತ್ತಂಕ ಅದನ್ನು ಕೇಳುವುದೂ ಇಲ್ಲ.

ನನ್ನ ಕಥೆಯಲ್ಲಿ ಒಬ್ಬ ಹುಡುಗ ಹೊದೆಯುತ್ತಾನೆ. ವಲ್ಲಿ ನೇಯ್ದದ್ದು ಶ್ರೀರಂಗಪಟ್ಟಣದ ಹತ್ತಿರದ ಕೊಡಿಯಾಲದ ಒಂದು ಕೈಮಗ್ಗದಲ್ಲಿ. ಮೈಸೂರಿನ ರೇಷ್ಮೆ ಕಾರ್ಖಾನೆ 1912ರದ್ದು, ಅದಕ್ಕೆ ಮಗ್ಗಗಳು ಸ್ವಿಟ್ಜರ್ಲೆಂಡಿನಿಂದ ಬಂದವು. ಅದರ ಸೀರೆಯ ಮೇಲೆ ನನಗೆ ತುಂಬು ಅಭಿಮಾನ. ಆದರೆ ಈ ಬಟ್ಟೆಗೆ ಕೈಯೇ ಬೇಕು. ಲಾಳಿ ಒಂದು ಸಲ ಆಚೆ ಹೋಗಿ ಈಚೆ ಬರುವಷ್ಟರಲ್ಲಿ ಒಂದು ದಿನ ಕಳೆಯಬೇಕು.

ರೇಷ್ಮೆಯೇ ಯಾಕೆ? ಇದನ್ನು ಹೇಳಲು ನಮ್ಮ ಮನೆಗೇ ಹೋಗಬೇಕು.

ಮಳವಳ್ಳಿ ಕಡೆ ನಾವು ಹುಳ ಮೇಯಿಸುತ್ತಿದ್ದೆವು. ರೇಷ್ಮೆಹುಳಕ್ಕೆ ನಾಲ್ಕು ಜ್ವರ, ಪೊರೆ ಬಿಡುವ ಹೊತ್ತಿಗೆ ನಾವು ಹೇಳುವ ಹೆಸರು ಅದು. ಜ್ವರಕ್ಕೆ ಕೂತ ಹುಳ ಸೊಪ್ಪು ಮುಟ್ಟುವುದಿಲ್ಲ, ತಲೆ ಎತ್ತಿ ಕಲ್ಲಿನಂತೆ ಇದ್ದುಬಿಡುತ್ತದೆ. ಮಳೆ ಸುರಿದಂತೆ ಸೊಪ್ಪು ಮೇಯುವ ಸದ್ದಿದ್ದ ಮನೆ ಇದ್ದಕ್ಕಿದ್ದಂತೆ ಮೌನ. ಕಾಲ ನಿಲ್ಲುವುದೆಂದರೆ ಏನೆಂದು ನಾನು ಮೊದಲು ಕೇಳಿಸಿಕೊಂಡದ್ದು ಆ ಮೌನದಲ್ಲಿ. ನಾಲ್ಕನೇ ಜ್ವರ ಎದ್ದು ವಾರದ ಮೇಲೆ ಹುಳ ಹಣ್ಣಾಗುತ್ತದೆ, ಮೈ ಗಾಜಿನ ಹಾಗೆ ಹೊಳೆಯುತ್ತದೆ. ಆಗ ಬಿದಿರಿನ ಚಂದ್ರಿಕೆ ತಟ್ಟೆಗೆ ಬಿಡಬೇಕು. ಅಲ್ಲಿ ಅದು ಗೂಡು ಕಟ್ಟುತ್ತದೆ.

ಗೂಡು ಬಿಡಿಸಿದ ಮೇಲೆ ಅಮ್ಮ ಒಂದನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಿದ್ದಳು. ಒಳಗೆ ಚಿಟ್ಟೆಯಾಗಲಿರುವ ಕೋಶ ಟಕಟಕ ಅಂದರೆ ಗೂಡು ಬಲಿತಿದೆ, ಮಾರುಕಟ್ಟೆಗೆ ಹೊರಡಬಹುದು ಎಂದು ಲೆಕ್ಕ. ಅಲ್ಲಿಂದ ಮುಂದೆ ಆತುರವೇ. ಚಿಟ್ಟೆ ಗೂಡನ್ನು ನೆನೆಸಿ ತೂತು ಮಾಡಿ ಹೊರಬಂದರೆ ಎಳೆ ತುಂಡುತುಂಡು. ನೂರಾರು ಮೀಟರಿನ ಒಂದೇ ಎಳೆ ಬೇಕಾದರೆ ಚಿಟ್ಟೆ ಏಳುವ ಮೊದಲೇ ಗೂಡನ್ನು ಹಬೆಗೆ ಹಿಡಿಯಬೇಕು. ಒಳಗಿನ ಜೀವದ ಕಾಲ ನಿಂತರೆ ಮಾತ್ರ ಎಳೆ ಸಾಗುತ್ತದೆ.

ಒಂದು ವರ್ಷ ಐದು ದಿನ ಬಿಡದೆ ಮಳೆ. ಬಸ್ಸಿಲ್ಲ, ಗಾಡಿ ಕಟ್ಟುವ ಹಾಗಿಲ್ಲ. ಮೂಟೆ ಮನೆಯಲ್ಲೇ ಉಳಿಯಿತು. ಐದನೇ ದಿನ ಬೆಳಗಿನ ಜಾವ ಮೂಟೆಯೊಳಗೆ ಸರಸರ ಸದ್ದು. ಅಮ್ಮ ದೀಪ ಹಿಡಿದು, ‘ಇವು ಕಾಯಾಕಿಲ್ಲ ಕಣ್ಲಾ ಮಗ’ ಅಂದಳು. ಆ ಬೆಳೆಗೆ ಮಾಡಿದ ಸಾಲ ತೀರಿಸಲು ನಮಗೆ ಎರಡು ವರ್ಷ ಹಿಡಿಯಿತು.

ನನ್ನ ಕಥೆಯ ಹುಡುಗನೂ ಇಂಥದೇ ಮೂಟೆಯ ಮುಂದೆ ನಿಂತಿದ್ದಾನೆ. ಮೊದಲು ಬರೆದಾಗ ಅವನು ವಲ್ಲಿ ಹೊದ್ದು ಕಾಲ ನಿಲ್ಲಿಸಿ, ಮೂಟೆ ಹೊತ್ತು ಮಾರುಕಟ್ಟೆ ಮುಟ್ಟಿ ಮನೆ ಉಳಿಸಿದ್ದ. ಓದಿದವರು ಮೆಚ್ಚಿದರು. ನನಗೆ ಮಾತ್ರ ಅದು ಸುಳ್ಳೆನಿಸಿತು. ವಲ್ಲಿಯ ಒಂದೊಂದು ಎಳೆಯೂ ಹಾಗೆ ನಿಂತುಹೋದ ಜೀವದಿಂದ ಬಂದದ್ದಲ್ಲವೇ? ಅದನ್ನು ಹೊದ್ದವನಿಗೆ ಆ ವಿಷಯ ತಿಳಿಯದೆ ಹೋದೀತೆ? ಹರಿದುಹಾಕಿ ಮತ್ತೆ ಬರೆದೆ.

ಈಗ ಅವನು ವಲ್ಲಿ ಹೊದೆಯುತ್ತಾನೆ. ಮಳೆಹನಿಗಳು ಸೂರಿನಲ್ಲೇ ತೂಗಿ ನಿಲ್ಲುತ್ತವೆ. ದೀಪ ಅಲುಗುವುದಿಲ್ಲ. ಮಾರುಕಟ್ಟೆ ದೂರ, ಕೈಯಲ್ಲಿರುವುದು ಒಂದು ಘಳಿಗೆ, ಓಡಿದರೆ ಮುಟ್ಟಬಹುದು. ಹೊರಡುವ ಮುಂಚೆ ಅಮ್ಮನ ಹಾಗೆ ಒಂದು ಗೂಡನ್ನು ಕಿವಿಗೆ ಹಿಡಿದು ಅಲ್ಲಾಡಿಸುತ್ತಾನೆ. ಸದ್ದಿಲ್ಲ. ಇನ್ನೊಂದು ತೆಗೆಯುತ್ತಾನೆ. ಅದರಲ್ಲೂ ಇಲ್ಲ. ಮೂಟೆಯ ಪಕ್ಕ ಕೂತು, ಹೆಗಲಿನಿಂದ ವಲ್ಲಿಯನ್ನು ಮೆಲ್ಲಗೆ ಜಾರಿಸುತ್ತಾನೆ. ಮಳೆ ಶುರುವಾಗುತ್ತದೆ. ಅವನ ಅಂಗೈಯ ಗೂಡಿನ ತುದಿ ಒದ್ದೆಯಾಗುತ್ತದೆ.