ಕಂಬಳಿ ಹೊದ್ದ ಹಣ್ಣು, ನೀರಿಳಿಸಿದ ಮೊಸರು

ಕೇಳುಗರಿಗೆ ನಮಸ್ಕಾರ.

ನಮ್ಮ ಕಾಸರಗೋಡಿನ ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯ ಎಷ್ಟೋ ತೋಟದ ಮನೆಗಳಲ್ಲಿ ಒಂದು ಚಕ್ಕೋತದ ಮರ ಇರುತ್ತದೆ. ಹಣ್ಣು ತಾನಾಗಿಯೇ ಬೀಳುತ್ತದೆ, ಮಕ್ಕಳು ಅದರಲ್ಲಿ ಫುಟ್‌ಬಾಲ್ ಆಡುತ್ತಾರೆ, ಅಲ್ಲಿಗೆ ಮುಗಿಯಿತು. ಯಾಕೆ ತಿನ್ನುವುದಿಲ್ಲ ಅಂತ ಕೇಳಿದರೆ, "ಕಹಿ ಮಾರಾಯ್ರೇ!"

ನಮ್ಮ ನೆರೆಮನೆಯ ಚೇಚಿ, ಅಂದರೆ ಅಕ್ಕ, ಇದಕ್ಕೆ ಮಲಯಾಳದಲ್ಲಿ ಕಂಬಿಳಿ ನಾರಂಗ ಅನ್ನುತ್ತಾರೆ. ಸರಿಯಾದ ಹೆಸರೇ. ಹಸಿರು ಸಿಪ್ಪೆಯ ಒಳಗೆ ಬೆರಳು ದಪ್ಪದ ಬಿಳಿ ಕಂಬಳಿ. ಕಹಿ ಜಾಸ್ತಿ ಇರುವುದು ಅದರಲ್ಲಿ, ಮತ್ತೆ ತೊಳೆಯ ಮೇಲಿನ ಪೊರೆಯಲ್ಲಿ. ಎರಡನ್ನೂ ತೆಗೆದರೆ ಉಳಿಯುವ ಹಣ್ಣು ಬೇರೆಯೇ. ಇವತ್ತು ಅದನ್ನು ಮೊಸರಿಗೆ ಹಾಕಿ ಒಂದು ಹಗುರ ಸಿಹಿ ಮಾಡೋಣ.

ಮೊದಲು ಮೊಸರು. ಹುಳಿ ಬಾರದ, ಗಟ್ಟಿ ಮೊಸರು ಒಂದು ಲೀಟರ್. ಹಳೇ ಬೈರಾಸಿನ, ಅಂದರೆ ತೆಳು ಹತ್ತಿ ಟವೆಲಿನ, ಶುಚಿಯಾದ ತುಂಡಿನಲ್ಲಿ ಗಂಟು ಕಟ್ಟಿ. ಅಡುಗೆಮನೆಯ ಮೊಳೆಗೆ ತೂಗು ಹಾಕಿದರೆ ನಮ್ಮ ಸೆಕೆಗೆ ಸಂಜೆಯೊಳಗೆ ಹುಳಿಯಾಗುತ್ತದೆ. ಅದಕ್ಕೇ ಜಾಲರಿಯ ಮೇಲಿಟ್ಟು, ಕೆಳಗೊಂದು ಪಾತ್ರೆ ಇಟ್ಟು, ಫ್ರಿಜ್ಜಿನಲ್ಲಿಡಿ. ನಾಲ್ಕೈದು ಗಂಟೆ ಸಾಕು. ಶ್ರೀಖಂಡದಷ್ಟು ಗಟ್ಟಿ ಬೇಡ, ಸಕ್ಕರೆಯೂ ಅಷ್ಟು ಬೇಡ. ನಾಲ್ಕು ಚಮಚ ಪುಡಿ ಸಕ್ಕರೆ, ಏಲಕ್ಕಿ ಎರಡು, ಒಂದು ಚಿಟಿಕೆ ಉಪ್ಪು. ಸಿಹಿಗೆ ಉಪ್ಪು ಯಾಕೆ ಅಂತ ಕೇಳಬೇಡಿ, ಹಾಕಿ ನೋಡಿ. ಹಣ್ಣಿನಲ್ಲಿ ಉಳಿದ ಸಣ್ಣ ಕಹಿಯನ್ನು ಅದು ಅಡಗಿಸುತ್ತದೆ.

ಇನ್ನು ಹಣ್ಣು. ಇಲ್ಲಿ ಅವಸರ ಮಾಡಬೇಡಿ. ತೊಳೆ ಬಿಡಿಸಿ, ಬೆನ್ನಿನ ಕಡೆ ಉಗುರಿನಿಂದ ಪೊರೆ ಸೀಳಿ. ಪೊರೆ ಹಾಳೆಯ ಹಾಗೆ ಎದ್ದು ಬರುತ್ತದೆ. ಒಳಗೆ ಗುಲಾಬಿಯೋ ಬಿಳಿಯೋ, ಅಕ್ಕಿಕಾಳಿಗಿಂತ ದೊಡ್ಡ ರಸದ ಎಸಳುಗಳು. ಮೆಲ್ಲಗೆ ಉದುರಿಸಿದರೆ ಒಂದೂ ಒಡೆಯುವುದಿಲ್ಲ. ಚಕ್ಕೋತದ ಗುಣವೇ ಅದು. ಮೊಸರಿನಲ್ಲಿ ಬಿದ್ದರೂ ರಸ ಬಿಡದೆ ನಿಲ್ಲುತ್ತದೆ, ಹಲ್ಲಿಗೆ ಸಿಕ್ಕಾಗ ಮಾತ್ರ ಒಡೆಯುತ್ತದೆ.

ಕೊಡಗಿನ ಕಿತ್ತಳೆ ಹಾಗಲ್ಲ. ಸುಲಿಯುವುದು ಸುಲಭ, ಪರಿಮಳ ಚೆನ್ನ, ಆದರೆ ಮುಟ್ಟಿದರೆ ರಸ ಸೋರುತ್ತದೆ. ಒಮ್ಮೆ ಮಧ್ಯಾಹ್ನದ ನೆಂಟರಿಗೆಂದು ಬೆಳಗ್ಗೆಯೇ ಕಿತ್ತಳೆ ಬೆರೆಸಿಟ್ಟೆ. ಊಟದ ಹೊತ್ತಿಗೆ ಅದು ಸಿಹಿ ಮಜ್ಜಿಗೆ! ಮೇಲಿಂದ ಸ್ವಲ್ಪ ಕಹಿ ಬೇರೆ. ನೆಂಟರು ಮರ್ಯಾದೆಗೆ ಲೋಟದಲ್ಲಿ ಕುಡಿದರು. ಈಗ ನಾನು ಕಿತ್ತಳೆಯನ್ನು ಬಡಿಸುವಾಗ ಮೇಲೆ ಇಡುತ್ತೇನೆ, ಅಷ್ಟೇ.

ಹಾಲಿಗೆ ಹುಳಿ ಹಣ್ಣು ಹಾಕಿದರೆ ಒಡೆಯುತ್ತದಲ್ಲ, ಇದು ಒಡೆಯುವುದಿಲ್ಲವಾ ಅಂತ ಕೇಳುತ್ತಾರೆ. ಮೊಸರು ಅಂದರೆ ಹುಳಿಗೆ ಹೆಪ್ಪಾದ ಹಾಲೇ ಅಲ್ವಾ? ಮತ್ತೆ ಒಡೆಯಲು ಅದರಲ್ಲಿ ಏನಿದೆ!

ಮೊಸರು, ಸಕ್ಕರೆ, ಏಲಕ್ಕಿ, ಉಪ್ಪು ಕಡೆದು ನುಣ್ಣಗೆ ಮಾಡಿ ತಣ್ಣಗಿಟ್ಟಿರಿ. ಅರ್ಧ ಚಕ್ಕೋತದ ಎಸಳು ಬಡಿಸುವ ಮುಂಚೆ ಸೇರಿಸಿ. ಬೇಕಾದರೆ ಕಿತ್ತಳೆ ಸಿಪ್ಪೆಯ ಹೊರಮೈಯನ್ನು ಸ್ವಲ್ಪ ತುರಿದು ಹಾಕಿ, ಬಿಳಿ ತಾಗದಂತೆ. ಐದಾರು ಜನಕ್ಕೆ ಬರುತ್ತದೆ.

ಪಾತ್ರೆಗೆ ಇಳಿದ ನೀರನ್ನು ಚೆಲ್ಲಬೇಡಿ. ಉಪ್ಪು ಹಾಕಿ, ಒಂದು ಗಾಂಧಾರಿ ಮೆಣಸು, ಅಂದರೆ ಸಣ್ಣ ಖಾರದ ಸೂಜಿಮೆಣಸು, ಜಜ್ಜಿ ಹಾಕಿ, ಅಡುಗೆ ಮಾಡಿದವರೇ ನಿಂತಲ್ಲೇ ಕುಡಿದುಬಿಡಿ. ನೆಂಟರಿಗೆ ಹೇಳುವುದು ಬೇಡ.

ನಮಸ್ಕಾರ.