ಸ್ಟಾಲಿನ್ ಸಂಗೀತ ಕೊಟ್ಟವನಲ್ಲ, ಕಿತ್ತುಕೊಂಡವನು

ನಮಸ್ಕಾರ. ಹೋದ ವಾರದ ವೀಡಿಯೊ ಕೆಳಗೆ ಒಬ್ಬರು ಬರೆದಿದ್ದಾರೆ: "ಸ್ಟಾಲಿನ್ ಕಾಟ ಕೊಡದಿದ್ದರೆ ಶೋಸ್ತಕೋವಿಚ್ ಇಷ್ಟು ದೊಡ್ಡವರಾಗುತ್ತಲೇ ಇರಲಿಲ್ಲ." ಓದಿ ಮೈ ಉರಿಯಿತು. ಶೋಸ್ತಕೋವಿಚ್ ಅಂದರೆ ಸೋವಿಯತ್ ರಷ್ಯಾದ ಸಂಗೀತ ಸಂಯೋಜಕರು, ಸ್ಟಾಲಿನ್ ಅಲ್ಲಿನ ಸರ್ವಾಧಿಕಾರಿ. ಸ್ಟಾಲಿನ್ ನಮಗೆ ಸಂಗೀತ ಕೊಡಲಿಲ್ಲ, ಕಿತ್ತುಕೊಂಡ.

1936ರ ಜನವರಿಗೆ ಬನ್ನಿ. ಶೋಸ್ತಕೋವಿಚ್ ಬರೆದ 'ಲೇಡಿ ಮ್ಯಾಕ್‌ಬೆತ್' ಆಪೆರಾ (ಹಾಡಿನಲ್ಲೇ ನಡೆಯುವ ನಾಟಕ) ಎರಡು ವರ್ಷದಿಂದ ಭರ್ಜರಿಯಾಗಿ ನಡೆಯುತ್ತಿತ್ತು. ಸ್ಟಾಲಿನ್ ನೋಡಲು ಬಂದ, ಮುಗಿಯುವ ಮುಂಚೆಯೇ ಎದ್ದು ಹೋದ. ಎರಡೇ ದಿನಕ್ಕೆ ಪಕ್ಷದ ಪತ್ರಿಕೆ 'ಪ್ರಾವ್ದಾ'ದಲ್ಲಿ ಹೆಸರಿಲ್ಲದ ಲೇಖನ: 'ಸಂಗೀತದ ಬದಲು ಗೊಂದಲ'. ಈ ಆಟ ಕೆಟ್ಟದಾಗಿ ಮುಗಿಯಬಹುದು ಅಂತ ಅದರಲ್ಲೇ ಬೆದರಿಕೆ. ಸಂಗೀತ ಕಛೇರಿಗೆಂದು ಅರ್ಖಾಂಗೆಲ್ಸ್ಕ್‌ಗೆ ಹೋಗಿದ್ದ ಶೋಸ್ತಕೋವಿಚ್ ಅಲ್ಲೇ ಪೇಪರ್ ಕೊಂಡು ಓದಿದರು. ಆಗ ಅವರಿಗೆ 29 ವರ್ಷ. ಒಂದು ಹಗುರವಾದ ಆಪೆರೆಟ್ಟಾ ಬಿಟ್ಟರೆ, ಆಮೇಲೆ ಸಾಯುವವರೆಗೂ ಅವರು ಹೊಸ ಆಪೆರಾ ಮುಗಿಸಲೇ ಇಲ್ಲ. 39 ವರ್ಷ! ಹುಟ್ಟದೇ ಹೋದ ಆ ಆಪೆರಾಗಳ ಲೆಕ್ಕ ಯಾರು ಕೊಡುತ್ತಾರೆ?

ನಾಲ್ಕನೇ ಸಿಂಫನಿ (ದೊಡ್ಡ ವಾದ್ಯವೃಂದಕ್ಕೆ ಬರೆದ ಕೃತಿ) ತಾಲೀಮಿನಲ್ಲಿದ್ದಾಗಲೇ ವಾಪಸ್ ತೆಗೆದುಕೊಳ್ಳಬೇಕಾಯಿತು. ಜನ ಅದನ್ನು ಕೇಳಿದ್ದು 1961ರ ಡಿಸೆಂಬರ್‌ನಲ್ಲಿ. ಇದು ಕೊಟ್ಟಿದ್ದಾ? ಕಿತ್ತುಕೊಂಡಿದ್ದು.

"ಮತ್ತೆ ಐದನೇ ಸಿಂಫನಿ?" ಅಂತೀರಿ, ಗೊತ್ತು. 1937ರ ನವೆಂಬರ್‌ನಲ್ಲಿ ಲೆನಿನ್‌ಗ್ರಾಡ್ ಜನ ಅರ್ಧ ಗಂಟೆಗೂ ಜಾಸ್ತಿ ಚಪ್ಪಾಳೆ ತಟ್ಟಿದರು. ನಿಧಾನಗತಿಯ ಮೂರನೇ ಭಾಗ ನುಡಿಸುವಾಗ ಸಭೆಯಲ್ಲೇ ಅತ್ತರು. ಯಾಕೆ ಅತ್ತರು? ಆ ವರ್ಷ ಸ್ಟಾಲಿನ್ ಪೊಲೀಸರು ಮನೆ ಮನೆಯಿಂದ ಜನರನ್ನು ಎತ್ತಿಕೊಂಡು ಹೋಗುತ್ತಿದ್ದರು. ಶೋಸ್ತಕೋವಿಚ್‌ಗೆ ಆಸರೆಯಾಗಿದ್ದ ಸೇನಾಧಿಕಾರಿ ಮಾರ್ಷಲ್ ತುಖಾಚೆವ್ಸ್ಕಿಯನ್ನೇ ಜೂನ್‌ನಲ್ಲಿ ಗುಂಡಿಟ್ಟು ಕೊಂದಿದ್ದರು. ಆ ಭಯದಲ್ಲೂ ಕೂತು ಬರೆದರಲ್ಲ, ಹೆಗ್ಗಳಿಕೆ ಆ ಮನುಷ್ಯನದು. ಹೆದರಿಸಿದವನಿಗೆ ಯಾಕೆ ಅದರಲ್ಲಿ ಪಾಲು?

"ಸ್ಟಾಲಿನ್ ಬಹುಮಾನವೂ ಕೊಟ್ಟಿದ್ದರಲ್ಲ" ಅನ್ನುವವರೂ ಇದ್ದಾರೆ. ಅಯ್ಯೋ, ಬಿಡ್ರಪ್ಪ! 1948ರಲ್ಲಿ ಮತ್ತೆ ಛೀಮಾರಿ ಹಾಕಿ ಕನ್ಸರ್ವೇಟರಿಯ, ಅಂದರೆ ಸಂಗೀತ ಕಾಲೇಜಿನ, ಪಾಠದ ಕೆಲಸ ಕಿತ್ತುಕೊಂಡರು. ಅದೇ ವರ್ಷ ಮುಗಿಸಿದ ವಯಲಿನ್ ಕನ್ಸರ್ಟೊ (ವಯಲಿನ್‌ಗೂ ವಾದ್ಯವೃಂದಕ್ಕೂ ಬರೆದ ಕೃತಿ), ಸ್ಟಾಲಿನ್ ಸತ್ತು ಎರಡು ವರ್ಷದ ಮೇಲೆ, 1955ರಲ್ಲಿ ವಯಲಿನ್ ವಾದಕ ಡೇವಿಡ್ ಓಯ್‌ಸ್ಟ್ರಾಖ್ ಕೈಯಲ್ಲಿ ಹೊರಗೆ ಬಂತು. ಅಲ್ಲಿಯವರೆಗೆ ಕಪಾಟಿನಲ್ಲೇ ಇತ್ತು. ಪದಕ ಕೊಟ್ಟರೆ ಆ ಏಳು ವರ್ಷ ವಾಪಸ್ ಬರುತ್ತಾ?

ಕಷ್ಟದಿಂದ ಕಲೆಯಂತೆ! ಸುಮ್ನೆ ಹೇಳಬೇಡಿ ಇಂಥದ್ದನ್ನ. ಕಿತ್ತುಕೊಂಡ, ಕಿತ್ತುಕೊಂಡ, ಕಿತ್ತುಕೊಂಡ.

ಆ ಕನ್ಸರ್ಟೊ ಬಗ್ಗೆ ಮುಂದಿನ ವಾರ ಪೂರ್ತಿ ಒಂದು ಎಪಿಸೋಡ್ ಮಾಡುತ್ತೇನೆ, ಚಾನೆಲ್ ಸಬ್‌ಸ್ಕ್ರೈಬ್ ಮಾಡಿಕೊಳ್ಳಿ. ಕಾಮೆಂಟ್ ಬರೆದವರೇ, ಅಷ್ಟರೊಳಗೆ ನಾಲ್ಕನೇ ಸಿಂಫನಿ ಕೇಳಿ. ಒಂದು ಗಂಟೆ ಹಿಡಿಯುತ್ತದೆ. ಆಮೇಲೆ ಬನ್ನಿ, ವಾದ ಮಾಡೋಣ.